ಸ್ಪಷ್ಟನೆ: ‘ಆಲಂ ಆರಾ’ ಫಾತ್ಮಾ ಬೇಗಂ ಅವರ ನಿರ್ದೇಶನವಲ್ಲ

‘ದೇಶದ ಮೊದಲ ಟಾಕಿ ಚಿತ್ರ ಆಲಂ ಆರಾವನ್ನು ನಿರ್ದೇಶಿಸಿದವರು ನಮ್ಮ ಬೀಳಗಿಯ ಫಾತ್ಮಾ ಬೇಗಂ’ ಎಂಬ ಸಂದೇಶವೊಂದು ಬಾಗಲಕೋಟೆಯ ಹಲವು ವಾಟ್ಸ್‌ಆ್ಯಪ್ ಗುಂಪುಗಳಲ್ಲಿ ಹರಿದಾಡುತ್ತಿದೆ. ನಿರ್ದೇಶನದ ಮಾತು ನಾನೇ ಅವಸರದಲ್ಲಿ ಬರೆದ ಟಿಪ್ಪಣಿಯಿಂದ ಬಂದದ್ದು. ಆ ತಪ್ಪು ನನ್ನದೇ. ಬೀಳಗಿಯ ಹೆಸರು ಬಹುಶಃ ಆ ಊರಿನ ಗಾಯಕಿ, ನಟಿ ಅಮೀರ್‌ಬಾಯಿ ಕರ್ನಾಟಕಿಯವರ ನೆನಪಿನಿಂದ ಆಮೇಲೆ ಸೇರಿಕೊಂಡಿದೆ.

1931ರ ಮಾರ್ಚ್ 14ರಂದು ತೆರೆಕಂಡ ‘ಆಲಂ ಆರಾ’ದ ನಿರ್ದೇಶಕರು ಅರ್ದೇಶಿರ್ ಇರಾನಿ. ಅದರ ನಾಯಕಿ ಜುಬೇದಾ ಅವರು ಫಾತ್ಮಾ ಬೇಗಂ ಅವರ ಮಗಳು; ನಾನು ಎಡವಿದ್ದು ಇಲ್ಲಿಯೇ. ಉರ್ದು ರಂಗಭೂಮಿಯಿಂದ ಬಂದು, ಹೆಣ್ಣಿನ ಪಾತ್ರಗಳನ್ನೂ ಗಂಡಸರೇ ವಹಿಸುವುದು ಇನ್ನೂ ರೂಢಿಯಲ್ಲಿದ್ದ ಕಾಲದಲ್ಲಿ 1922ರ ‘ವೀರ ಅಭಿಮನ್ಯು’ ಮೂಕಿ ಚಿತ್ರದ ಮೂಲಕ ತೆರೆಗೆ ಕಾಲಿಟ್ಟ ಫಾತ್ಮಾ, 1926ರಲ್ಲಿ ‘ಫಾತ್ಮಾ ಫಿಲ್ಮ್ಸ್’ ಎಂಬ ಸ್ವಂತ ಸಂಸ್ಥೆ ಕಟ್ಟಿ ‘ಬುಲ್‌ಬುಲ್-ಎ-ಪರಿಸ್ತಾನ್’ ನಿರ್ದೇಶಿಸಿದರು. ಚಿತ್ರಚರಿತ್ರೆಯ ಗ್ರಂಥಗಳು ಅವರನ್ನು ಭಾರತದ ಮೊದಲ ಚಿತ್ರನಿರ್ದೇಶಕಿ ಎಂದು ಗುರುತಿಸುವುದು ಈ ಮೂಕಿ ಚಿತ್ರದ ಆಧಾರದ ಮೇಲೆ, ಅಂದರೆ ಟಾಕಿ ಬರುವುದಕ್ಕೆ ಐದು ವರ್ಷ ಮೊದಲೇ.

ಹಳೆಯ ಸಂದೇಶವನ್ನು ದಯವಿಟ್ಟು ಮುಂದೆ ಕಳುಹಿಸಬೇಡಿ. ಈಗಾಗಲೇ ಕಳುಹಿಸಿದ್ದರೆ ಅದೇ ಗುಂಪಿನಲ್ಲಿ ಈ ಸ್ಪಷ್ಟನೆಯನ್ನೂ ಹಾಕಬೇಕೆಂದು ವಿನಂತಿ.