ರೋಗಿಯ ನೋವಿಗೆ ಮನಸ್ಸು ಕರಗಬೇಕೆ?

ಪರ: ಕರಗದಿದ್ದರೆ ಚಿಕಿತ್ಸೆಯೇ ಅರ್ಧ

ಜನ ತಮ್ಮನ್ನು ಹೆದರಿಸಿದ ಸಂಗತಿಯನ್ನು ಮೊದಲಿಗೇ ಹೇಳುವುದಿಲ್ಲ. ಗ್ಯಾಸ್ಟ್ರಿಕ್ ಎಂದು ಶುರುಮಾಡಿ, ಎದ್ದು ಹೊರಡುವಾಗ ಬಾಗಿಲ ಬಳಿ ನಿಂತು, ‘ಮಲದಲ್ಲಿ ರಕ್ತ ಹೋಗ್ತಿದೆ ಡಾಕ್ಟ್ರೇ’ ಎನ್ನುತ್ತಾರೆ. ಎದುರು ಕೂತವರಿಗೆ ತಮ್ಮ ಮೇಲೆ ಅಕ್ಕರೆ ಇದೆಯೆಂದು ಅನ್ನಿಸದಿದ್ದರೆ ಆ ಮಾತು ಹೊರಬರುವುದೇ ಇಲ್ಲ.

ಅಕ್ಕರೆಯನ್ನು ಅಳೆದೂ ನೋಡಿದ್ದಾರೆ. ಹಾರ್ವರ್ಡ್‌ನ ಟೆಡ್ ಕಾಪ್ಚುಕ್ ಅವರ ತಂಡ 2008ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ ಕರುಳಿನ ಕಿರಿಕಿರಿಯಿಂದ ನರಳುತ್ತಿದ್ದ 262 ಜನರಿದ್ದರು. ಬರೀ ಕಾಯುತ್ತಿದ್ದವರಲ್ಲಿ ನೂರಕ್ಕೆ 28 ಮಂದಿ ತಕ್ಕಮಟ್ಟಿಗೆ ಆರಾಮವಾಯಿತೆಂದರು. ತೋರಿಕೆಯ ಅಕ್ಯುಪಂಕ್ಚರ್, ಅಂದರೆ ಸೂಜಿ ಚುಚ್ಚಿದಂತೆ ನಟಿಸುವ ಚಿಕಿತ್ಸೆ, ಮಾಡಿಸಿಕೊಂಡವರಲ್ಲಿ 44. ಅದೇ ತೋರಿಕೆಯ ಚಿಕಿತ್ಸೆಯ ಜೊತೆಗೆ ವೈದ್ಯರು ಕೂತು ಕೇಳಿಸಿಕೊಂಡು, ಧೈರ್ಯ ತುಂಬಿದವರಲ್ಲಿ 62. ಗಡ್ಡೆ ಇದರಿಂದ ಕರಗುವುದಿಲ್ಲ, ನಿಜ. ಆದರೆ ಆಸ್ಪತ್ರೆಗೆ ಬರುವ ಎಷ್ಟೋ ಜನರಿಗೆ ಬೇಕಿರುವುದು ನೋವು ಕಡಿಮೆಯಾಗುವುದೇ.

ಆಳುವವರ ಮಾತೂ ಇಷ್ಟೇ. 1971ರ ನವೆಂಬರ್‌ನಲ್ಲಿ ಶೆಪ್ ಗ್ಲೇಜರ್ ಎಂಬ ರೋಗಿ ಅಮೆರಿಕದ ಸಂಸದೀಯ ಸಮಿತಿಯೊಂದರ ಎದುರಿಗೇ ಡಯಾಲಿಸಿಸ್ ಮಾಡಿಸಿಕೊಂಡರು. ಕೊಳವೆಯಲ್ಲಿ ರಕ್ತ ಹರಿಯುವುದನ್ನು ಸದಸ್ಯರು ಕಣ್ಣಾರೆ ಕಂಡರು. ಮರುವರ್ಷ ಬಂದ ಕಾನೂನಿನಿಂದ ಕಿಡ್ನಿ ಸೋತವರಲ್ಲಿ ಬಹುಪಾಲು ಜನರ ಡಯಾಲಿಸಿಸ್ ಖರ್ಚು ಸರ್ಕಾರದ ಪಾಲಾಯಿತು. ವರದಿಯ ಕಾಗದವೊಂದೇ ಇಷ್ಟು ಮಾಡುತ್ತಿತ್ತೆಂದು ನನಗನ್ನಿಸುವುದಿಲ್ಲ.

ವಿರೋಧ: ಕರಗಿದ ಮನಸ್ಸಿಗೆ ಎದುರಿಗಿರುವವರಷ್ಟೇ ಕಾಣುತ್ತಾರೆ

ಆ ಡಯಾಲಿಸಿಸ್‌ನ ಹಿಂದಿನ ಕಥೆಯನ್ನೂ ನೋಡಬೇಕು. 1960ರ ದಶಕದ ಆರಂಭದಲ್ಲಿ ಅಮೆರಿಕದ ಸಿಯಾಟಲ್‌ನಲ್ಲಿ ಯಂತ್ರಗಳು ಕೆಲವೇ, ಸಾಯುತ್ತಿದ್ದವರು ಹಲವರು. ಯಾರು ಬದುಕಬೇಕೆಂದು ತೀರ್ಮಾನಿಸಲು ಏಳು ಜನರ ಸಮಿತಿ ಕೂತಿತು. ಅವರು ಕಟುಕರಲ್ಲ. ತುಂಬ ನೊಂದೇ ಆರಿಸಿದರು. ಆದರೆ ಮದುವೆ, ಮಕ್ಕಳು, ಆದಾಯ, ಚರ್ಚಿನ ಒಡನಾಟ ಎಲ್ಲವೂ ಲೆಕ್ಕಕ್ಕೆ ಬಂತು. ತಮ್ಮಂಥವರ ಮೇಲೆ ಕನಿಕರ ಸುಲಭವಾಗಿ ಹುಟ್ಟುತ್ತದೆ. ಒಂಟಿಯಾಗಿದ್ದವರು, ಬಡವರು, ಜಗಳಗಂಟರು ಅದಕ್ಕೆ ಬೆಲೆ ತೆರುತ್ತಾರೆ. ನಾನು ಯಾರಿಗೂ ಇಷ್ಟವಾಗದಿದ್ದರೂ ನನಗೆ ಚಿಕಿತ್ಸೆ ಸಿಗಬೇಕು.

ಇನ್ನು ದಿನವಿಡೀ ಪ್ರತಿಯೊಬ್ಬರ ಸಂಕಟಕ್ಕೂ ಮಿಡಿಯಿರಿ ಎಂದು ನರ್ಸ್‌ಗೆ ಹೇಳುವುದು ಕ್ರೌರ್ಯ. ಮಿಡಿತವನ್ನೂ ಡ್ಯೂಟಿಯ ಪಟ್ಟಿಗೆ ಸೇರಿಸಿದರೆ ಉಳಿಯುವುದು ಬಣ್ಣ ಹಚ್ಚಿದ ನಗು. ನೆಟ್ಟಗೆ ಸಿಗುವ ರಕ್ತನಾಳ, ತಪ್ಪದ ಡೋಸ್, ಸಾಕಷ್ಟು ಸಿಬ್ಬಂದಿ ಇಷ್ಟನ್ನು ಮೊದಲು ಕೊಡಲಿ.

1972ರ ಆ ಕಾನೂನನ್ನು ನಾನು ಅಲ್ಲಗಳೆಯುವುದಿಲ್ಲ, ಅದು ಜೀವ ಉಳಿಸಿದೆ. ಆದರೆ ರೋಗದ ಹೆಸರು ಹಿಡಿದು ಅಂಥ ಸೌಲಭ್ಯ ಸಿಕ್ಕಿದ್ದು ಕಿಡ್ನಿ ಸೋತವರಿಗೆ. ಕ್ಯಾನ್ಸರ್ ಇದ್ದವರಿಗೆ, ರಕ್ತ ಸರಿಯಾಗಿ ಹೆಪ್ಪುಗಟ್ಟದ ಹಿಮೋಫಿಲಿಯಾ ಇದ್ದವರಿಗೆ ಅದು ಬರಲಿಲ್ಲ. ಸಕ್ಕರೆ ಕಾಯಿಲೆಗೂ ರಕ್ತದೊತ್ತಡಕ್ಕೂ ಹೊತ್ತಿಗೆ ಸರಿಯಾಗಿ ಮದ್ದು ಸಿಕ್ಕಿದರೆ ಎಷ್ಟೋ ಕಿಡ್ನಿಗಳು ಉಳಿಯುತ್ತವೆ. ಹಾಗೆ ಉಳಿಯಬೇಕಾದವರು ಯಾವ ಸಮಿತಿಯ ಮುಂದೆಯೂ ಬಂದು ಕೂರಲಾರರು, ಅವರಿಗಿನ್ನೂ ಕಿಡ್ನಿಯ ಕಾಯಿಲೆಯೇ ಬಂದಿಲ್ಲ.