ಗ್ರಿಡ್ ಮಾಡಿದವನು, ಕಸ ಎತ್ತಿಸುವವನು

2007. ಕೋರಮಂಗಲದಲ್ಲಿ ಒಂದು ಮನೆಯ ಎರಡನೇ ಮಹಡಿಯೇ ನಮ್ಮ ಆಫೀಸು. ಹನ್ನೊಂದು ಜನ. ಅಮೆರಿಕದ ಒಂದು ಇನ್ಶೂರೆನ್ಸ್ ಕಂಪನಿಗೆ ವೆಬ್ ಅಪ್ಲಿಕೇಶನ್ ಮಾಡಿಕೊಡುವ ಕೆಲಸ. ಅವರು ಕೇಳಿದ್ದು ಇಷ್ಟೇ: ಪಾಲಿಸಿಗಳ ಪಟ್ಟಿ ಎಕ್ಸೆಲ್ ಥರ ಕಾಣಬೇಕು, ತಲೆಸಾಲಿನ ಮೇಲೆ ಒತ್ತಿದರೆ ಕ್ರಮ ಬದಲಾಗಬೇಕು, ಕಾಲಂ ಎಳೆದು ತಂದು ಬಿಟ್ಟರೆ ಗುಂಪು ಆಗಬೇಕು. ಹೇಳೋಕೆ ಒಂದು ಸಾಲು. ಮೈಕ್ರೋಸಾಫ್ಟ್‌ನ ವೆಬ್ ಸಾಧನ ಎಎಸ್‌ಪಿ ಡಾಟ್ ನೆಟ್ ಜೊತೆ ಬರುತ್ತಿದ್ದ ಗ್ರಿಡ್‌ನಲ್ಲಿ, ಅಂದರೆ ಪಟ್ಟಿಯನ್ನು ಸಾಲು, ಕಾಲಂ ಮಾಡಿ ತೋರಿಸುವ ತುಣುಕಿನಲ್ಲಿ, ಇದನ್ನೆಲ್ಲ ಕೈಯಾರೆ ಬರೆಯಲು ಕೂತರೆ ತಿಂಗಳು ಹೋಗುತ್ತಿತ್ತು. "ಸುಮ್ನೆ ಟೆಲೆರಿಕ್ ಹಾಕ್ಕೊಳ್ರೋ" ಅಂದರು ನಮ್ಮ ಲೀಡ್. ಟೆಲೆರಿಕ್ ಅಂದರೆ ಇಂಥ ಗ್ರಿಡ್‌ಗಳನ್ನು ಸಿದ್ಧವಾಗಿ ಮಾಡಿ ಮಾರುತ್ತಿದ್ದ ಕಂಪನಿ.

ಹಾಕಿಕೊಂಡೆವು. ಎರಡು ದಿನದಲ್ಲಿ ಗ್ರಿಡ್ ಬಂತು. ಮೂರನೇ ದಿನ ಪುಟ ತೆರೆಯೋಕೆ ನಲವತ್ತು ಸೆಕೆಂಡು ತಗೊಳ್ಳೋಕೆ ಶುರುವಾಯಿತು. ನಾನು ಸಿಟ್ಟಿನಲ್ಲಿ ಅವರಿಗೊಂದು ಸಪೋರ್ಟ್ ಟಿಕೆಟ್ ಬರೆದೆ. ನಿಮ್ಮ ಗ್ರಿಡ್ ಕೆಟ್ಟಿದೆ ಅನ್ನುವ ಧಾಟಿಯಲ್ಲೇ ಬರೆದೆ. ಮರುದಿನ ಬೆಳಗ್ಗೆ ಉತ್ತರ ಬಂದಿತ್ತು. ಜೊತೆಗೊಂದು ಜಿಪ್ ಫೈಲು. ಅದರಲ್ಲಿ ನನ್ನ ಸಮಸ್ಯೆಯನ್ನೇ ಪುಟ್ಟದಾಗಿ ಮಾಡಿ, ಸರಿಪಡಿಸಿ ಕಳಿಸಿದ್ದರು. ತಪ್ಪು ನನ್ನದೇ. ಇಡೀ ಟೇಬಲ್ಲನ್ನು ವ್ಯೂಸ್ಟೇಟ್‌ಗೆ, ಅಂದರೆ ಪುಟದ ಜೊತೆಗೇ ಹೋಗಿಬರುವ ಗುಟ್ಟಿನ ಗಂಟಿಗೆ, ತುರುಕಿ ಪ್ರತಿ ಕ್ಲಿಕ್ಕಿಗೂ ಆ ಹೊರೆಯನ್ನು ಅತ್ತಿಂದಿತ್ತ ಓಡಾಡಿಸುತ್ತಿದ್ದೆ. ಉತ್ತರದಲ್ಲಿ ಒಂದು ಬಿರುಸು ಮಾತಿರಲಿಲ್ಲ. ಕೆಳಗೆ ಓದಲು ಬಾರದಂಥ ಒಂದು ಹೆಸರು. ಆ ಹೆಸರು ಯಾವ ದೇಶದ್ದು ಅಂತ ಹುಡುಕಿದಾಗಲೇ ನನಗೆ ಬಲ್ಗೇರಿಯಾ ನಕ್ಷೆಯಲ್ಲಿ ಎಲ್ಲಿದೆ ಅಂತ ಗೊತ್ತಾಗಿದ್ದು.

ಆ ಕಂಪನಿಯನ್ನು ಕಟ್ಟಿದ ನಾಲ್ವರಲ್ಲಿ ಒಬ್ಬ ಇವತ್ತು ಬಲ್ಗೇರಿಯಾದ ರಾಜಧಾನಿ ಸೋಫಿಯಾ ನಗರದ ಮೇಯರ್. ವಾಸಿಲ್ ತೆರ್ಜಿಯೆವ್. ಅವರ ಬಗ್ಗೆ ಬರೆಯಬೇಕು ಅಂತ ತುಂಬಾ ದಿನದಿಂದ ಅಂದುಕೊಂಡಿದ್ದೆ. ಹೊಗಳೋಕೂ ಅಲ್ಲ, ತೆಗಳೋಕೂ ಅಲ್ಲ. ಲಿಂಕ್ಡ್‌ಇನ್‌ನಲ್ಲಿ ಈ ಥರದ ಕತೆಗಳು ಬರುತ್ತವಲ್ಲ, "ನಾಲ್ಕು ಗೆಳೆಯರು, ಒಂದು ಕನಸು" ಅಂತ, ಅವನ್ನು ಓದಿದಾಗೆಲ್ಲ ನನಗೆ ತಲೆನೋವು ಬರುತ್ತದೆ. ಅವರು ನಿಂತ ನೆಲ ಎಂಥದ್ದು ಅಂತ ಯಾರೂ ಹೇಳುವುದಿಲ್ಲ.

ಆ ನೆಲದ ಕತೆ ಮೊದಲು.

ತೆರ್ಜಿಯೆವ್ ಹುಟ್ಟಿದ್ದು 1978ರಲ್ಲಿ, ಸೋಫಿಯಾದಲ್ಲಿ. ಆಗ ಅಲ್ಲಿ ಕಮ್ಯುನಿಸ್ಟ್ ಆಡಳಿತ, ತೊದೋರ್ ಜಿವ್ಕೋವ್ ಕಾಲ. ಪೂರ್ವ ಯುರೋಪಿನ ದೇಶಗಳು ಯಾರು ಏನು ತಯಾರಿಸಬೇಕು ಅಂತ ಹಂಚಿಕೊಂಡಾಗ ಬಲ್ಗೇರಿಯಾದ ಪಾಲಿಗೆ ಬಂದದ್ದರಲ್ಲಿ ಕಂಪ್ಯೂಟರೂ ಒಂದು. ಟೊಮೆಟೊ, ಗುಲಾಬಿ ಎಣ್ಣೆ, ಮೊಸರು ಅಂತಿದ್ದ ದೇಶ ಡಿಸ್ಕ್ ಡ್ರೈವ್ ಮಾಡೋಕೆ ಕೂತಿತು. ಜಿವ್ಕೋವ್ ಹುಟ್ಟೂರು ಪ್ರಾವೆತ್ಸ್. ಆ ಊರಲ್ಲೇ ಕಾರ್ಖಾನೆ ಹಾಕಿದರು, ಕಂಪ್ಯೂಟರಿಗೂ ಅದೇ ಹೆಸರಿಟ್ಟರು. ಒಳಗಿದ್ದದ್ದು ಹೆಚ್ಚುಕಮ್ಮಿ ಆ್ಯಪಲ್ 2ರ ನಕಲು. ಆದರೂ ಅದು ಶಾಲೆಗಳಿಗೆ ಬಂತು. ಒಂದು ತಲೆಮಾರಿನ ಮಕ್ಕಳು ಅದರ ಮೇಲೆ ಪ್ರೋಗ್ರಾಂ ಬರೆಯೋದು ಕಲಿತರು. ಮಾಡೋಕೆ ಬೇರೆ ಕೆಲಸ ಸಿಗದೆ ಕೆಲವರು ವೈರಸ್ ಬರೆದರು. 80ರ ದಶಕದ ಕೊನೆಗೆ ಜಗತ್ತಿನ ಕಂಪ್ಯೂಟರ್‌ಗಳನ್ನು ಗೋಳಾಡಿಸಿದ 'ಡಾರ್ಕ್ ಅವೆಂಜರ್' ಅಲ್ಲಿಯವನೇ.

1989ರಲ್ಲಿ ಜಿವ್ಕೋವ್ ಇಳಿದರು. ಆಮೇಲೆ ಬಂದದ್ದು ಕುಸ್ತಿಪಟುಗಳ ಕಾಲ. ನಿಜವಾಗಿಯೂ ಕುಸ್ತಿಪಟುಗಳು. ಸರ್ಕಾರದ ದುಡ್ಡಲ್ಲಿ ತಯಾರಾಗಿದ್ದ ಪೈಲ್ವಾನರಿಗೆ ಇದ್ದಕ್ಕಿದ್ದಂತೆ ಸಂಬಳ ನಿಂತಿತು. ಅವರು ಬಾರ್ ಬಾಗಿಲಿಗೆ ನಿಂತರು, ಆಮೇಲೆ 'ರಕ್ಷಣೆ' ಮಾರೋಕೆ ಶುರು ಮಾಡಿದರು, ಆಮೇಲೆ ಅದಕ್ಕೆ ಇನ್ಶೂರೆನ್ಸ್ ಕಂಪನಿ ಅಂತ ಬೋರ್ಡು ಹಾಕಿದರು. ಕಾರಿನ ಗಾಜಿಗೆ ಅವರ ಸ್ಟಿಕ್ಕರ್ ಇದ್ದರೆ ಕಾರು ಉಳಿಯುತ್ತದೆ. ಇಲ್ಲದಿದ್ದರೆ ಕಳುವಾಗುತ್ತದೆ. ಪ್ರೀಮಿಯಂ, ಕ್ಲೇಮು ಎರಡೂ ಒಂದೇ ಕೈಯಲ್ಲಿ! ಜನ ಅವರನ್ನು ಕರೆಯುತ್ತಿದ್ದದ್ದು 'ಮುತ್ರಿ' ಅಂತ. ಮುತ್ರಾ ಅಂದರೆ ಅವರ ಭಾಷೆಯಲ್ಲಿ ಮುಸುಡಿ. ಕನ್ನಡದ ಕಿವಿಗೆ ಅದು ಹೇಗೆ ಕೇಳಿಸುತ್ತದೆ ಅಂತ ನಾನು ಹೇಳೋದಿಲ್ಲ.

1997ರ ಚಳಿಗಾಲದಲ್ಲಿ ದೇಶವೇ ದಿವಾಳಿ. ಬ್ಯಾಂಕುಗಳು ಮುಳುಗಿದ್ದವು. ಫೆಬ್ರವರಿ ಒಂದೇ ತಿಂಗಳಲ್ಲಿ ಬೆಲೆಗಳು ಮೂರು ಪಟ್ಟಿಗೂ ಜಾಸ್ತಿಯಾದವು. ಜನ ಪಾರ್ಲಿಮೆಂಟಿಗೆ ನುಗ್ಗಿದ್ದು ಅದೇ ಜನವರಿಯಲ್ಲಿ. ಕೊನೆಗೆ ಜುಲೈನಲ್ಲಿ ತಮ್ಮ ನಾಣ್ಯ ಲೆವ್ ಅನ್ನು ಜರ್ಮನಿಯ ಮಾರ್ಕಿಗೆ ಕಟ್ಟಿಹಾಕಿ ಉಸಿರು ಬಿಟ್ಟರು. ಆಗ ತೆರ್ಜಿಯೆವ್‌ಗೆ ಹದಿನೆಂಟು ಹತ್ತೊಂಬತ್ತು ವರ್ಷ. ಆ ವಯಸ್ಸಿನ ಓದಿದ ಹುಡುಗರ ಮುಂದೆ ಇದ್ದ ಲೆಕ್ಕ ಒಂದೇ: ಯಾವ ದೇಶಕ್ಕೆ ಹೋಗೋದು? 80ರ ದಶಕದ ಕೊನೆಗೆ ಸುಮಾರು 90 ಲಕ್ಷ ಜನರಿದ್ದ ದೇಶ ಅದು. 2021ರ ಜನಗಣತಿಯಲ್ಲಿ ಸಿಕ್ಕಿದ್ದು 65 ಲಕ್ಷ. ಹುಟ್ಟಿದವರಿಗಿಂತ ಸತ್ತವರು ಜಾಸ್ತಿ ಅನ್ನುವುದು ಒಂದು ಕಾರಣ. ಹೊರಟು ಹೋದವರು ಇನ್ನೊಂದು.

ತೆರ್ಜಿಯೆವ್ ಓದಿದ್ದು ಬ್ಲಾಗೊಯೆವ್‌ಗ್ರಾದ್ ಊರಿನ ಅಮೆರಿಕನ್ ಯೂನಿವರ್ಸಿಟಿಯಲ್ಲಿ. 1991ರಲ್ಲಿ ಶುರುವಾದ ಆ ಯೂನಿವರ್ಸಿಟಿಯ ಮುಖ್ಯ ಕಟ್ಟಡ ಹಿಂದೆ ಕಮ್ಯುನಿಸ್ಟ್ ಪಕ್ಷದ ಕಚೇರಿಯಾಗಿತ್ತು. ಪಕ್ಷದ ಕಚೇರಿಯಲ್ಲಿ ಕೂತು ಬಂಡವಾಳಶಾಹಿ ಕಲಿಯೋದು ಅಂದರೆ ಇದೇ. ಇಂಗ್ಲಿಷ್‌ನಲ್ಲಿ ಪಾಠ, ಅಮೆರಿಕದ ಡಿಗ್ರಿ. ಹೊರಗೆ ಹೋಗೋಕೆ ಟಿಕೆಟ್ಟು ಕೈಯಲ್ಲಿ ಇದ್ದ ಹಾಗೆ.

2002ರಲ್ಲಿ ತೆರ್ಜಿಯೆವ್, ಸ್ವೆತೊಜಾರ್ ಗಿಯೊರ್ಗಿಯೆವ್, ಬೊಯ್ಕೊ ಯಾರಾಮೊವ್, ಹ್ರಿಸ್ತೊ ಕೊಸೆವ್ ಸೇರಿ ಟೆಲೆರಿಕ್ ಶುರು ಮಾಡಿದರು. ಅದೇ ಹೊತ್ತಿಗೆ ಸೋಫಿಯಾದಲ್ಲಿ ದೊಡ್ಡ ಉದ್ಯಮಿ ಅಂದರೆ ಇಲಿಯಾ ಪಾವ್ಲೊವ್. ಮಾಜಿ ಕುಸ್ತಿಪಟು, 'ಮಲ್ಟಿಗ್ರೂಪ್' ಒಡೆಯ. 2003ರ ಮಾರ್ಚ್ 7ರಂದು ತನ್ನ ಆಫೀಸಿನ ಎದುರೇ ಗುಂಡಿಗೆ ಬಲಿಯಾದ. ಮಾಜಿ ಪ್ರಧಾನಿ ಲುಕಾನೊವ್ ಕೊಲೆ ಕೇಸಿನಲ್ಲಿ ಸಾಕ್ಷಿ ಹೇಳಿ ಬಂದ ಮರುದಿನ ಅದು. 2005ರಲ್ಲಿ ಬ್ಯಾಂಕರ್ ಎಮಿಲ್ ಕ್ಯುಲೆವ್ ಹಾಡಹಗಲಲ್ಲೇ ಕಾರಿನಲ್ಲಿ ಸತ್ತರು. ಈ ಎರಡು ಕೊಲೆಗಳ ನಡುವೆ ನಾಲ್ಕು ಹುಡುಗರು ಒಂದು ಕೋಣೆಯಲ್ಲಿ ಕೂತು ಗ್ರಿಡ್ ಹೇಗೆ ಚಂದ ಕಾಣಬೇಕು ಅಂತ ಯೋಚಿಸುತ್ತಿದ್ದರು!

ನನಗೆ ಅನ್ನಿಸೋದು, ಅವರು ಉಳಿದದ್ದು ಆ ಸರಕಿನಿಂದಲೇ. ಇದು ನನ್ನ ಊಹೆ, ಒಪ್ಪಬೇಕಂತ ಏನೂ ಇಲ್ಲ. ಗೋದಾಮಿಲ್ಲ, ಲಾರಿಯಿಲ್ಲ, ಬಂದರಿನಲ್ಲಿ ಕಂಟೇನರ್ ಇಲ್ಲ, ಸರ್ಕಾರಿ ಟೆಂಡರ್ ಇಲ್ಲ. ಗಿರಾಕಿ ಟೆಕ್ಸಸ್‌ನಲ್ಲೋ ಕೋರಮಂಗಲದಲ್ಲೋ ಇರುತ್ತಾನೆ. ಕಾರ್ಡ್ ಉಜ್ಜುತ್ತಾನೆ, ಡೌನ್‌ಲೋಡ್ ಮಾಡಿಕೊಳ್ಳುತ್ತಾನೆ. ಹಫ್ತಾ ಕೇಳಲು ಬಂದವನಿಗೆ ಹಿಡಿದುಕೊಳ್ಳೋಕೆ ಏನೂ ಸಿಗುವುದಿಲ್ಲ. 'ಡೇಟಾ ಗ್ರಿಡ್ ಮಾರುತ್ತೇವೆ' ಅಂದರೆ ಆ ಮುತ್ರಿಗೆ ಅರ್ಥವಾದರೂ ಆಗುತ್ತಿತ್ತಾ?

ಸಾಮಾನು ಚಿಕ್ಕದು, ಗಿರಾಕಿ ಲಕ್ಷಾಂತರ. ಗ್ರಿಡ್, ಕ್ಯಾಲೆಂಡರ್, ಮೆನು, ಟ್ರೀ. ಪ್ರತಿ ಪ್ರೋಗ್ರಾಮರ್‌ಗೂ ಬೇಕು, ಯಾರಿಗೂ ಬರೆಯೋಕೆ ಇಷ್ಟವಿಲ್ಲ. 2008ರಲ್ಲಿ ಅಮೆರಿಕದ ಹೂಡಿಕೆ ಕಂಪನಿ ಸಮ್ಮಿಟ್ ಪಾರ್ಟ್‌ನರ್ಸ್ ದುಡ್ಡು ಹಾಕಿತು. ತೆರ್ಜಿಯೆವ್, ಗಿಯೊರ್ಗಿಯೆವ್ ಇಬ್ಬರೂ ಒಟ್ಟಿಗೆ ಸಿಇಒ. ಆಮೇಲೆ ಇಂಥದ್ದೇ ಇನ್ನೊಂದು ಸರಕು, ಕೆಂಡೊ ಯುಐ ಬಂತು. ವೆಬ್ ಪುಟ ಏನು ಕಳಿಸುತ್ತದೆ, ಏನು ತರಿಸುತ್ತದೆ ಅಂತ ನೋಡೋಕೆ ನಾವೆಲ್ಲ ದಿನಾ ಬಳಸುತ್ತಿದ್ದ ಫಿಡ್ಲರ್ ಅನ್ನು 2012ರಲ್ಲಿ ಅವರೇ ಕೊಂಡರು. 2014ರ ಅಕ್ಟೋಬರ್‌ನಲ್ಲಿ ಪ್ರೋಗ್ರೆಸ್ ಸಾಫ್ಟ್‌ವೇರ್ ಅನ್ನುವ ಅಮೆರಿಕದ ಕಂಪನಿ ಇಡೀ ಟೆಲೆರಿಕ್ಕನ್ನು 26.25 ಕೋಟಿ ಡಾಲರ್‌ಗೆ ತಗೊಳ್ಳುವುದಾಗಿ ಹೇಳಿತು. ಬಲ್ಗೇರಿಯಾದ ಸಾಫ್ಟ್‌ವೇರ್ ಲೋಕ ಅಲ್ಲಿವರೆಗೆ ಅಷ್ಟು ದೊಡ್ಡ ವ್ಯಾಪಾರ ನೋಡಿರಲಿಲ್ಲ.

ಎಲ್ಲರೂ ಈ ಅಂಕಿಯನ್ನೇ ಹೇಳುತ್ತಾರೆ. ನನಗೆ ಅದಕ್ಕಿಂತ ಇಷ್ಟವಾದದ್ದು ಟೆಲೆರಿಕ್ ಅಕಾಡೆಮಿ.

ಕಂಪನಿ ಬೆಳೆದ ಹಾಗೆ ಪ್ರೋಗ್ರಾಮರ್‌ಗಳು ಸಾಲದೆ ಹೋದರು. ಇದ್ದವರೆಲ್ಲ ಲಂಡನ್ನು, ಬರ್ಲಿನ್ನು. ಬೇರೆ ಕಂಪನಿಯವರು ಏನು ಮಾಡುತ್ತಾರೆ? ಪಕ್ಕದ ಕಂಪನಿಯಿಂದ ಎಳೆಯುತ್ತಾರೆ. ನಾವೂ ಬೆಂಗಳೂರಿನಲ್ಲಿ ಅದನ್ನೇ ಮಾಡಿದ್ದು, ನಾಲ್ಕು ವರ್ಷಕ್ಕೆ ಮೂರು ಕಂಪನಿ ಹಾರಿದವನು ನಾನೇ. ಇವರು ಮಾತ್ರ ಒಂದು ಶಾಲೆ ತೆರೆದರು. ಪರೀಕ್ಷೆ ಬರೆದು ಪಾಸಾದರೆ ಸಾಕು, ಫೀಸಿಲ್ಲ. ತಿಂಗಳುಗಟ್ಟಲೆ ಪಾಠ. ಚೆನ್ನಾಗಿ ಮಾಡಿದವರಿಗೆ ಟೆಲೆರಿಕ್‌ನಲ್ಲೇ ಕೆಲಸ, ಉಳಿದವರು ಬೇರೆ ಕಂಪನಿಗಳಿಗೆ. ಶಾಲಾ ಮಕ್ಕಳಿಗೂ ಕ್ಲಾಸು ನಡೆಸಿದರು. ಅಲ್ಲಿ ಪಾಠ ಹೇಳುತ್ತಿದ್ದ ಸ್ವೆತ್ಲಿನ್ ನಾಕೊವ್ ಹೊರಬಂದು ಸಾಫ್ಟ್‌ಯೂನಿ ಅಂತ ತಮ್ಮದೇ ಶಾಲೆ ಕಟ್ಟಿದರು. ಅದೂ ದೊಡ್ಡದಾಯಿತು. ಒಂದು ಹೋಟೆಲಿನ ಅಡುಗೆಭಟ್ಟರು ಎದುರಿಗೇ ಇನ್ನೊಂದು ಹೋಟೆಲ್ ಇಟ್ಟ ಹಾಗೆ. ಉಂಡವರಿಗೆ ಲಾಭ.

ಇದರಲ್ಲಿ ಸ್ವಾರ್ಥ ಇರಲಿಲ್ವಾ? ಇತ್ತು. ತಮಗೆ ಬೇಕಾದ ಹುಡುಗರನ್ನು ತಾವೇ ತಯಾರು ಮಾಡಿಕೊಂಡರು. ಅಂಥ ಸ್ವಾರ್ಥ ನಮ್ಮ ಕಂಪನಿಗಳಿಗೂ ಸ್ವಲ್ಪ ಬಂದಿದ್ದರೆ ಅಂತ ಅನ್ನಿಸುತ್ತದೆ, ಅಷ್ಟೇ. ಕಂಪನಿ ಮಾರಿದ ಮೇಲೂ ತೆರ್ಜಿಯೆವ್ ದುಡ್ಡು ತಗೊಂಡು ಕ್ಯಾಲಿಫೋರ್ನಿಯಾ ಸೇರಲಿಲ್ಲ. ಸೋಫಿಯಾದಲ್ಲೇ ಹೊಸ ಕಂಪನಿಗಳಿಗೆ ದುಡ್ಡು ಹಾಕಿದರು, 'ಕ್ಯಾಂಪಸ್ ಎಕ್ಸ್' ಅಂತ ಅವುಗಳಿಗೆ ಕೂರೋಕೆ ಜಾಗ ಮಾಡಿದರು.

ಇಲ್ಲಿಗೆ ನಿಲ್ಲಿಸಿದ್ದರೆ ಲಿಂಕ್ಡ್‌ಇನ್ ಕತೆ ಆಗುತ್ತಿತ್ತು.

2023ರಲ್ಲಿ ಸೋಫಿಯಾ ಮೇಯರ್ ಚುನಾವಣೆಗೆ ನಿಂತರು. ಬೊಯ್ಕೊ ಬೊರಿಸೊವ್, ಆಮೇಲೆ ಅವರದೇ ಪಕ್ಷದ ಯೊರ್ದಾಂಕಾ ಫಾಂದಕೋವಾ, ಹೀಗೆ 2005ರಿಂದ ನಗರ ಒಂದೇ ಕಡೆಯವರ ಕೈಯಲ್ಲಿತ್ತು. ಸುಧಾರಣೆ ಬೇಕು ಅನ್ನುವವರೆಲ್ಲ ತೆರ್ಜಿಯೆವ್ ಹಿಂದೆ ನಿಂತರು. ಆಗ ಹಳೆಯ ಮಾತೊಂದು ಎದ್ದಿತು. ಅವರ ಮನೆಯ ಹಿರಿಯರು ಕಮ್ಯುನಿಸ್ಟ್ ಕಾಲದ 'ರಾಜ್ಯ ಭದ್ರತೆ' ಇಲಾಖೆಯಲ್ಲಿ, ಅಂದರೆ ಗುಪ್ತ ಪೊಲೀಸರಲ್ಲಿ, ಕೆಲಸ ಮಾಡಿದವರು. ಅವರು ಅಲ್ಲಗಳೆಯಲಿಲ್ಲ, ಹೌದು ಅಂದರು. ಅವರ ಬೆಂಬಲಿಗರಲ್ಲಿ ಅನೇಕರು ಆ ಇಲಾಖೆಯ ವಿರುದ್ಧ ಬೀದಿಗೆ ಇಳಿದವರು. ಅವರಿಗೆ ಅದನ್ನು ನುಂಗೋದು ಕಷ್ಟವಾಯಿತು.

ನನಗೆ ಈ ವಿಷಯದಲ್ಲಿ ಎರಡು ಮನಸ್ಸು. ಅಪ್ಪ ಅಜ್ಜ ಮಾಡಿದ್ದಕ್ಕೆ ಮಗನನ್ನು ಕೇಳಬಾರದು, ನಿಜ. ಆದರೆ 'ಸ್ವಂತ ಕಾಲ ಮೇಲೆ ನಿಂತವರು' ಅನ್ನುವ ಮಾತನ್ನು ಅಷ್ಟು ಸುಲಭಕ್ಕೆ ಕೊಡಬಾರದು ಅನ್ನೋದೂ ನಿಜ. ಅಲ್ಲಿ ಆ ಇಲಾಖೆಯ ಮನೆಗಳಿಗೆ ಬೇರೆಯವರಿಗೆ ಇಲ್ಲದ ಬಾಗಿಲುಗಳು ತೆರೆದಿದ್ದವು. ಹಾಗಂತ ಗ್ರಿಡ್ ಬರೆದುಕೊಟ್ಟದ್ದು ಗುಪ್ತ ಪೊಲೀಸರಲ್ಲ. ನನ್ನ ಟಿಕೆಟ್ಟಿಗೆ ಬೆಳಗಾಗುವುದರೊಳಗೆ ಉತ್ತರ ಕೊಟ್ಟವರೂ ಅವರಲ್ಲ. ಎರಡನ್ನೂ ಒಟ್ಟಿಗೆ ಇಟ್ಟುಕೊಂಡೇ ಓದಬೇಕು.

ನವೆಂಬರ್ 5ರ ಎರಡನೇ ಸುತ್ತಿನಲ್ಲಿ ಕಾರ್ಮಿಕ ಸಂಘದ ಹಿನ್ನೆಲೆಯ ವಾನ್ಯಾ ಗ್ರಿಗೊರೊವಾ ಎದುರು ಗೆದ್ದರು. ಅಂತರ ಐದು ಸಾವಿರ ಮತವೂ ಇಲ್ಲ. 61 ಜನರ ನಗರ ಪರಿಷತ್ತಿನಲ್ಲಿ ಬಹುಮತ ಇಲ್ಲ.

ಕಂಪನಿ ನಡೆಸಿದವರು ನಗರ ನಡೆಸೋಕೆ ಬಂದರೆ ಏನಾಗುತ್ತದೆ? ಕಂಪನಿಯಲ್ಲಿ ಬೇಡದ ಗಿರಾಕಿಯನ್ನು ಬಿಟ್ಟುಬಿಡಬಹುದು. ಹಳೆಯ ವರ್ಷನ್‌ಗೆ ಸಪೋರ್ಟ್ ನಿಲ್ಲಿಸುತ್ತೇವೆ ಅಂತ ಒಂದು ಮೇಲ್ ಹಾಕಬಹುದು. ನಗರದಲ್ಲಿ ಎಲ್ಲ ವರ್ಷನ್ನೂ ಒಟ್ಟಿಗೆ ಓಡುತ್ತಿರುತ್ತದೆ. 2025ರ ಮೇ ತಿಂಗಳಲ್ಲಿ ಬಸ್ಸು, ಟ್ರಾಮ್ ನೌಕರರು ಸಂಬಳ ಸಾಲದು ಅಂತ ಮುಷ್ಕರ ಕೂತರು. ಅದೇ ವರ್ಷದ ಕೊನೆಗೆ ಕಸ. ಹಳೆಯ ಗುತ್ತಿಗೆ ಮುಗಿದಿತ್ತು. ಹೊಸದಕ್ಕೆ ಬಂದ ದರ ಹಿಂದಿನದಕ್ಕಿಂತ ಎಷ್ಟೋ ಜಾಸ್ತಿ. ಇದು ಮಾಫಿಯಾ ದರ, ಕೊಡೋದಿಲ್ಲ ಅಂತ ತೆರ್ಜಿಯೆವ್ ಕೂತರು. ಸೋಫಿಯಾದ ಲ್ಯುಲಿನ್ ಬಡಾವಣೆ ಕಡೆ ತೊಟ್ಟಿಗಳು ತುಂಬಿ ಚೆಲ್ಲಿದವು. ಕಸದ ಗುತ್ತಿಗೆ ಅಂದರೆ ಏನು ಅಂತ ಬೆಂಗಳೂರಿನವರಿಗೆ ಬಿಡಿಸಿ ಹೇಳಬೇಕಾಗಿಲ್ಲ, ಅಲ್ವಾ? ಗಾಜಿಗೆ ಸ್ಟಿಕ್ಕರ್ ಅಂಟಿಸುತ್ತಿದ್ದ ಕಾಲವನ್ನು ಗ್ರಿಡ್ ಮಾರಿ ತಪ್ಪಿಸಿಕೊಂಡಿದ್ದ ಮನುಷ್ಯ. ಇಪ್ಪತ್ತು ವರ್ಷದ ಮೇಲೆ ಗೋದಾಮು, ಲಾರಿ, ಟೆಂಡರ್ ಎಲ್ಲ ಇರುವ ವ್ಯಾಪಾರಕ್ಕೆ ತಾನೇ ಬಂದು ಕೂತಿದ್ದಾರೆ.

ದರಕ್ಕೆ ಬಗ್ಗದೆ ನಿಂತದ್ದು ಸರಿ ಅಂತಲೇ ನನ್ನ ಲೆಕ್ಕ. ಆದರೆ ಗುತ್ತಿಗೆ ಯಾವತ್ತು ಮುಗಿಯುತ್ತದೆ ಅನ್ನೋದು ಮೊದಲೇ ಗೊತ್ತಿತ್ತಲ್ಲ. ಸ್ವಂತ ಲಾರಿ, ಸ್ವಂತ ಜನ ಅಷ್ಟರೊಳಗೆ ತಯಾರಿರಬೇಕಿತ್ತು. ಬಿಡುಗಡೆಯ ದಿನ ಗೊತ್ತಿದ್ದೂ ಹಿಂದಿನ ರಾತ್ರಿ ಕೋಡ್ ಬರೆಯೋಕೆ ಕೂರುವ ತಂಡವನ್ನು ಟೆಲೆರಿಕ್‌ನಲ್ಲಿ ಇವರು ಸಹಿಸುತ್ತಿದ್ದರಾ?

ನನ್ನ ಈಗಿನ ತಂಡದಲ್ಲಿ ಸೋಫಿಯಾದ ಒಬ್ಬ ಹೆಣ್ಣುಮಗಳಿದ್ದಾಳೆ. ಮನೆ ಲ್ಯುಲಿನ್‌ನಲ್ಲೇ, ಹಳೆ ಕಾಲದ ಪ್ಯಾನೆಲ್ ಕಟ್ಟಡದ ಆರನೇ ಮಹಡಿ. ಕಸದ ಗಲಾಟೆಯ ದಿನಗಳಲ್ಲಿ ಒಮ್ಮೆ ಕಾಲ್ ಮುಗಿದ ಮೇಲೆ ಕೇಳಿದೆ, ನಿಮ್ಮ ಮೇಯರ್ ಹೇಗೆ ಅಂತ. ಅವಳು ಪ್ರೋಗ್ರಾಂ ಕಲಿತದ್ದು ಟೆಲೆರಿಕ್ ಅಕಾಡೆಮಿಯಲ್ಲಿ, ಒಂದು ಪೈಸೆ ಕೊಡದೆ. ಅದಕ್ಕೇ ವೋಟೂ ಹಾಕಿದ್ದಳಂತೆ. "ಮುಂದಿನ ಸಲ?" ಅಂದೆ. ಅವಳು ಲ್ಯಾಪ್‌ಟಾಪನ್ನು ಎತ್ತಿಕೊಂಡು ಕಿಟಕಿಯ ಹತ್ತಿರ ಹೋದಳು. ಕ್ಯಾಮೆರಾವನ್ನು ಕೆಳಕ್ಕೆ ತಿರುಗಿಸಿದಳು. ತೊಟ್ಟಿ ಖಾಲಿಯಿತ್ತು. ಸುತ್ತ ಹಿಮದ ಮೇಲೆ ಕರಿ ಚೀಲಗಳು ಹಾಗೇ ಬಿದ್ದಿದ್ದವು.

"ಅರ್ಧ ಎತ್ತಿದ್ದಾರೆ ನೋಡು" ಅಂದಳು.