ಸ್ಪಷ್ಟನೆ: ವಚನ ಬಾಯಿಗೆ ಬಂದರೆ ಓದು ಬಂದಂತಲ್ಲ

‘ಅಕ್ಷರ, ಕಾಗುಣಿತ ಬಿಡಿ, ದಿನಾ ಒಂದು ವಚನ ಹಾಡಿಸಿ, ಮಗು ತಾನೇ ಓದುತ್ತದೆ’ ಎಂಬ ಸಂದೇಶ ವಿಜಯಪುರ, ಬಸವನ ಬಾಗೇವಾಡಿ ಕಡೆಯ ಪಾಲಕರ ವಾಟ್ಸಾಪ್ ಗುಂಪುಗಳಲ್ಲಿ ಓಡಾಡುತ್ತಿದೆ. ಸರ್ಕಾರಿ ಶಾಲೆಯ ಚಿಕ್ಕ ತರಗತಿಗಳಲ್ಲಿ ಚಟುವಟಿಕೆಯಿಂದ ಕಲಿಸುವ ನಲಿ-ಕಲಿಯಲ್ಲೂ ಅಕ್ಷರ ಕಲಿಸುವುದಿಲ್ಲ ಎಂಬ ಬಾಲಂಗೋಚಿ ಬೇರೆ. ಅದಂತೂ ಶುದ್ಧ ಸುಳ್ಳು. ಅಲ್ಲಿ ಅಕ್ಷರ ಕಲಿಸುತ್ತಾರೆ, ಅ ಆ ಇ ಈ ಸಾಲು ಹಿಡಿದಲ್ಲ, ರ ಗ ಸ ದ ಅ ಎಂದು ಶುರುಮಾಡಿ.

ವಚನದ ವಿಷಯಕ್ಕೆ ಬರೋಣ. ‘ಕಳಬೇಡ, ಕೊಲಬೇಡ’ ನಮ್ಮ ಕಡೆ ಬಹಳ ಹುಡುಗರಿಗೆ ಕಂಠಪಾಠ. ಸಾಲಿನ ಮೇಲೆ ಬೆರಳಾಡಿಸುತ್ತ ಗಡಗಡ ಹೇಳಿದರೆ ಅವ್ವ-ಅಪ್ಪಗೆ ‘ಓದಾಕ ಬಂತು’ ಅನ್ನಿಸುತ್ತದೆ. ಪುಸ್ತಕ ತಲೆಕೆಳಗೆ ಹಿಡಿದರೂ ಅಷ್ಟೇ ಚೆಂದ ಹೇಳುತ್ತಾರೆ! ‘ಕೊಲಬೇಡ’ ಒಂದನ್ನೇ ಚೀಟಿಯಲ್ಲಿ ಬರೆದು ತೋರಿಸಿ, ಗೊತ್ತಾಗುತ್ತದೆ.

ಹಾಗಂತ ವಚನ ಬಿಡಬೇಕಿಲ್ಲ. ಗೊತ್ತಿರುವ ಸಾಲು ಅಕ್ಷರ ಹಿಡಿಯಲು ಒಳ್ಳೆಯ ಆಸರೆ. ‘ಬೇಡ’ ಮತ್ತೆ ಮತ್ತೆ ಬರುವುದರಿಂದ ಕಣ್ಣಿಗೆ ಬೇಗ ಸಿಗುತ್ತದೆ. ‘ಕಳ’, ‘ಕೊಲ’ ಪಕ್ಕಪಕ್ಕ ಇಟ್ಟರೆ ಕ-ಕೊ, ಳ-ಲ ವ್ಯತ್ಯಾಸ ಒಟ್ಟಿಗೇ ಕಾಣುತ್ತದೆ. ‘ಅನ್ಯರಿಗೆ’, ‘ಬಣ್ಣಿಸಬೇಡ’ದ ಒತ್ತಕ್ಷರ ಮಾತ್ರ ಕೂಡಿಸಿ ತೋರಿಸದೆ ಬರುವುದಿಲ್ಲ. ಆಮೇಲೆ ಮಕ್ಕಳೇ ‘ನೀರು ಚೆಲ್ಲಬೇಡ’, ‘ತಂಗೀನ ಅಳಿಸಬೇಡ’ ಎಂದು ತಮ್ಮ ಸಾಲು ಬರೆಯಲಿ. ತಪ್ಪಿದ್ದರೆ ಇರಲಿ, ಮೊದಲ ದಿನವೇ ಕೆಂಪು ಪೆನ್ನು ತೆಗೆಯಬೇಡಿ.